ಯಾನುಶ್ ಸಾಹೇಬರು ಕೇಳಿದ ಪ್ರಶ್ನೆ

ಸೆರಂಗೂನ್, ಸಿಂಗಪುರ
೧೪ ಮೇ ೨೦೦೪

ಪ್ರೀತಿಯ ಅಕ್ಕಾ,

ಇವತ್ತು ನನ್ನ ಡಬ್ಬಿಯ ಬೀಟ್‌ರೂಟ್ ಸಾರು ಕುಡಿದು ನಮ್ಮ ಯಾನುಶ್ ಸಾಹೇಬರು ಅತ್ತುಬಿಟ್ಟರು. ಪೋಲೆಂಡ್ ರಾಯಭಾರ ಕಚೇರಿಯಲ್ಲಿ ನಾನು ಇವರಿಗೇ ಸೆಕ್ರೆಟರಿ. ಈ ತಿಂಗಳು ಅವರು ನಿವೃತ್ತರಾಗುತ್ತಾರೆ. ಅವರ ತಾಯಿಯೂ ಬೀಟ್‌ರೂಟಿನ ಸಾರು ಮಾಡುತ್ತಿದ್ದರಂತೆ.

ಎಂಬತ್ತೊಂದರಲ್ಲಿ ಅವರು ದೆಹಲಿಯ ರಾಯಭಾರ ಕಚೇರಿಯಲ್ಲಿದ್ದಾಗ ಅವರ ದೇಶದಲ್ಲಿ ಸೇನೆಯ ಆಡಳಿತ ಬಂತು. ಅದನ್ನು ಹೊಗಳುವ ಹೇಳಿಕೆಗೆ ಸಹಿ ಹಾಕಲಾರೆ ಎಂದು ಕೆಲಸವನ್ನೇ ಬಿಟ್ಟರು. ಪಾಸ್‌ಪೋರ್ಟ್ ರದ್ದಾಯಿತು. ಎಂಟು ವರ್ಷ ಲಂಡನ್ನಿನಲ್ಲಿ ಮೇಷ್ಟ್ರಾಗಿದ್ದರು. ತಾಯಿ ತೀರಿಕೊಂಡದ್ದು ಫೋನಿನಲ್ಲಿ ತಿಳಿಯಿತು, ಮಣ್ಣಿಗೂ ಹೋಗಲಾಗಲಿಲ್ಲ. ಸರ್ಕಾರ ಬದಲಾದ ಮೇಲೆ ಹೊಸಬರೇ ಕರೆದು ಮತ್ತೆ ಕೆಲಸ ಕೊಟ್ಟರು.

ಕಣ್ಣೊರೆಸಿಕೊಂಡು, "ನೀವು ಅಮ್ಮನನ್ನು ನೋಡಿ ಎಷ್ಟು ದಿನವಾಯಿತು?" ಎಂದು ಕೇಳಿದರು.

"ನಾಲ್ಕು ವರ್ಷ ಸರ್. ಮಗಳು ಧೃತಿಯ ಎಕ್ಸಾಮು, ಮನೆ ಶಿಫ್ಟ್ ಮಾಡಿದ್ದು, ಹೀಗೇ ಏನೋ ಒಂದು..."

"ನನ್ನನ್ನು ಒಂದು ಸರ್ಕಾರ ತಡೆದಿತ್ತು. ನಿಮ್ಮನ್ನು ಯಾರು ತಡೆದರು?"

ಅಕ್ಕಾ, ಸಂಜೆಯೇ ಟಿಕೆಟ್ ಬುಕ್ ಮಾಡಿದೆ. ಜೂನ್ ಐದಕ್ಕೆ ಧೃತಿಯನ್ನೂ ಕರೆದುಕೊಂಡು ಮೈಸೂರಿಗೆ ಬರುತ್ತೇನೆ. ಮೂರು ವಾರ ಅಮ್ಮನ ಪಕ್ಕದಲ್ಲೇ ನನ್ನ ಹಾಸಿಗೆ, ನೀನು ಜಗಳಕ್ಕೆ ಬರಬೇಡ. ಅಮ್ಮನ ಮಂಡಿನೋವಿಗೆ ಇಲ್ಲಿಂದ ಎಣ್ಣೆ ತರುತ್ತೇನೆ, ಅಲ್ಲಿಯವರೆಗೆ ಬಿಸಿನೀರಿನ ಶಾಖ ಕೊಡು.

ಕಾರ್ಡು ತುಂಬಿತು. ಇದನ್ನು ಮನಸ್ಸಿನಲ್ಲೇ ಓದಿ ಇಟ್ಟುಬಿಡಬೇಡ, ಅಮ್ಮನ ಪಕ್ಕ ಕೂತು ಗಟ್ಟಿಯಾಗಿ ಓದು.

ನಿನ್ನ ವಸುಂಧರಾ