ಅಮ್ಮನ ಮುಖವಿದ್ದ ಬಾಟಲಿ

ಭಾಂಡುಪ್,
ಶನಿವಾರ, ೮ ನವೆಂಬರ್ ೨೦೨೫, ಸಂಜೆ ಏಳು ಗಂಟೆ

ಪ್ರೀತಿಯ ಹರಿಣಿಯಕ್ಕನಿಗೆ,

ನಿನ್ನ ಮೊಣಕಾಲು ನೋವು ಹೇಗಿದೆ? ಬಾವಿಕಟ್ಟೆಯ ಹತ್ತಿರ ಜಾರುತ್ತದೆ, ಜಾಗ್ರತೆ. ಇವತ್ತು ಮಧ್ಯಾಹ್ನ ಜೋಗೇಶ್ವರಿಗೆ ಹೋಗಿದ್ದೆ. ಬಂದು ಎರಡು ಸಲ ಸ್ನಾನ ಮಾಡಿದರೂ ಆ ವಾಸನೆ ಮೂಗಿನಿಂದ ಹೋಗಿಲ್ಲ.

ನಮ್ಮ ತಮ್ಮ ಹಿತೇಶ ಶಾಂಪೂ ಮಾಡಲು ಶುರುಮಾಡಿದ್ದಾನಲ್ಲ, ಕಳೆದ ವಾರ ಒಂದು ಬಾಟಲಿ ಕೊಟ್ಟು ಹೋಗಿದ್ದ. ಮೇಲೆ 'ದಾಸವಾಳದ ಗೊಂಪು' ಎಂದು ಬರೆದು, ಅಮ್ಮ ಅಂಗಳದಲ್ಲಿ ಕೂದಲು ಒಣಗಿಸುತ್ತಿರುವ ಫೋಟೊ ಹಾಕಿದ್ದಾನೆ. ಅಮ್ಮ ಹೋಗಿ ವರ್ಷ ತುಂಬುತ್ತಾ ಬಂತು. ಬಚ್ಚಲಿನಲ್ಲಿ ಅವಳ ಮುಖ ಕಂಡು ಬಾಟಲಿಯನ್ನು ಸೆರಗಿನಿಂದ ಒರೆಸಿ ಇಟ್ಟೆ. ನೆನಪಿದೆಯಾ, ದಾಸವಾಳದ ಸೊಪ್ಪು ಕಿವುಚಿ, ಲೋಳೆ ತೆಗೆದು ಗೊಂಪು ಮಾಡುವಾಗ, ಗಿಡ ಹೊಸದಾದರೆ ಅಮ್ಮ ಮೊದಲು ತನ್ನ ಮೊಣಕೈ ಒಳಗೆ ಹಚ್ಚಿ ನೋಡುತ್ತಿದ್ದಳು. ತುರಿಸದಿದ್ದರೆ ಮಾತ್ರ ನಮ್ಮ ತಲೆಗೆ. ಅಂಗಡಿಯಿಂದ ಯಾವ ಶಾಂಪೂ ತಂದರೂ ನಾನು ಹಾಗೆಯೇ ಮಾಡುತ್ತೇನೆ. ಇದಕ್ಕೆ ಮಾಡಲಿಲ್ಲ. ಅಮ್ಮನನ್ನೇ ಪರೀಕ್ಷೆ ಮಾಡುವುದೇ? ನೇರ ಯಕ್ಷಿತಾಳ ತಲೆಗೆ ಸುರಿದೆ. "ಮಮ್ಮಿ, ಜಲ್ ರಹಾ ಹೈ, ನೀರು ಹಾಕು, ನೀರು!" ಎಂದು ಮಗಳು ಉರಿ ತಾಳದೆ ಕಿರುಚಿದಳು. ಈಗ ಅವಳ ಕಿವಿಯ ಹಿಂದೆಲ್ಲ ಸಿಪ್ಪೆ ಏಳುತ್ತಿದೆ. ಬಣ್ಣ, ಸೆಂಟು ಇಲ್ಲದ ಸೌಮ್ಯವಾದದ್ದನ್ನೇ ಹಾಕಿ ಎಂದು ಡಾಕ್ಟರು ಹೇಳಿದ್ದಾರೆ.

ಅದಕ್ಕೇ ಇವತ್ತು ಜೋಗೇಶ್ವರಿಯಲ್ಲಿ ಹಿತೇಶ ಶಾಂಪೂ ಮಾಡುವ ಶೆಡ್ಡಿಗೆ ಹೋದದ್ದು. ನೀಲಿ ಡ್ರಮ್ಮಿನಲ್ಲಿ ಏನೋ ಲೋಳೆ, ಕಲಕಲು ಪೊರಕೆಯ ಕೋಲು, ಅಂಚಿಗೆ ಅಂಟಿಕೊಂಡ ಸತ್ತ ನೊಣಗಳು, ತಲೆ ಸಿಡಿಯುವ ಸೆಂಟು. ಸೊಪ್ಪು ಎಲ್ಲಿ ಎಂದು ಕೇಳಿದೆ. "ಎಂತ ಅಕ್ಕ ನೀನು! ಸೊಪ್ಪು ಯಾರು ನೋಡ್ತಾರೆ ಮಾರಾಯ್ತಿ? ಅಮ್ಮನ ಕೂದಲು ನೋಡಿಯೇ ತೆಗೊಳ್ತಾರೆ" ಎಂದು ನಕ್ಕ. ಅವನ ಬೆರಳುಗಳೂ ಸಿಪ್ಪೆ ಎದ್ದಿದ್ದವು. ಒಡಹುಟ್ಟಿದವನನ್ನು ನೋಡಿ ಇಷ್ಟು ಹೇಸಿಗೆ ನನಗೆ ಎಂದೂ ಆಗಿರಲಿಲ್ಲ.

ಮನೆಗೆ ಬಂದು ಬಾಟಲಿಯಲ್ಲಿ ಉಳಿದದ್ದನ್ನೆಲ್ಲ ಮೋರಿಗೆ ಸುರಿದೆ. ಆದರೆ ಬಾಟಲಿಯನ್ನು ಕಸಕ್ಕೆ ಹಾಕಲು ಅಮ್ಮನ ಮುಖ ಬಿಡಲಿಲ್ಲ. ಬಿಸಿನೀರಿನಲ್ಲಿ ನೆನೆಸಿ ಚೀಟಿ ಬಿಡಿಸುತ್ತಿದ್ದೇನೆ. ಅದೂ ಹರಿದು ಬರುತ್ತಿದೆ.

ಭಾವನಿಗೆ ನಮಸ್ಕಾರ, ಮಕ್ಕಳಿಗೆ ನನ್ನ ಮುದ್ದು.

ನಿನ್ನ ತಂಗಿ,
ವಿನೋದಿನಿ

ಮುಖ್ಯವಾದದ್ದೇ ಬಿಟ್ಟುಹೋಯಿತು. ಅಮ್ಮನ ವರ್ಷಾಂತಿಕದ ಊಟಕ್ಕೆ ಬಂದವರಿಗೆಲ್ಲ ಒಂದೊಂದು ಬಾಟಲಿ ಹಂಚುತ್ತಾನಂತೆ, ನೀನೂ ಹೂಂ ಅಂದಿದ್ದೀಯಂತೆ. ಬೇಡ ಅಕ್ಕ. ಅವಳ ಮುಖ ನೋಡಿದ ಮೇಲೆ ಯಾರೂ ಮೊದಲು ಕೈಗೆ ಹಚ್ಚಿ ನೋಡುವುದಿಲ್ಲ. ಇದನ್ನೆಲ್ಲ ಫೋನಿನಲ್ಲಿ ಹೇಳಲು ನನ್ನಿಂದಾಗದು; ಪತ್ರವನ್ನು ಪಕ್ಕದ ಮನೆಯ ಸುಕೇಶನ ಕೈಯಲ್ಲಿ ಕೊಡುತ್ತೇನೆ, ಅವನು ನಾಳೆ ಬೆಳಗಿನ ರೈಲಿಗೆ ಊರಿಗೆ ಹೊರಡುತ್ತಾನೆ. ಹಿತೇಶನ ಬಾಟಲಿಗಳ ಪೆಟ್ಟಿಗೆಗಳು ನಾಳೆ ಸಂಜೆ ಊರಿನ ಬಸ್ಸಿಗೆ ಏರುತ್ತವೆ.