ನನ್ನ ಕೈಗಳ ವಿಷಯವಾಗಿ

ಮಂಗಳವಾರ, ಮಧ್ಯಾಹ್ನ

ಪ್ರೀತಿಯ ಪಿಟೀಲು,

ಕ್ಷೇಮ ಸಮಾಚಾರಕ್ಕೆಲ್ಲ ಪುರುಸೊತ್ತಿಲ್ಲ ತಂಗೀ. ನಿನ್ನ ಕಿರುಚಿತ್ರ ನೋಡಿ ಬಂದಾಗಿನಿಂದ ಈ ಮನೆಯಲ್ಲಿ ಎಲ್ಲವೂ ತಲೆಕೆಳಗಾಗಿದೆ.

ನನ್ನನ್ನು ಮೊದಲ ಸಾಲಿನಲ್ಲಿ ಕೂರಿಸಿದಾಗಲೇ ಅನುಮಾನ ಬರಬೇಕಿತ್ತು. ಪರದೆಯ ಮೇಲಿನ ಹೆಂಗಸು ಬೆಳಿಗ್ಗೆ ಏಳುತ್ತಾಳೆ, ಮೈತುಂಬ ಒಡೆಯರ ಹೆಸರು ಬರೆದ ಚೀಟಿ. ಕೈಗಳು ಗಂಡನವು, ಮಂಡಿಗಳು ಅತ್ತೆಯವು, ಕಿವಿಗಳು ಇಡೀ ಬೀದಿಯವು. ಮೂಗು ತುರಿಸಿಕೊಳ್ಳಲೂ ಗಂಡನ ಅಪ್ಪಣೆ ಬೇಕು, ಕೈ ಅವನದಲ್ಲವೇ. ಸಾಲದ್ದಕ್ಕೆ ಅವಳಿಗೆ ನನ್ನ ಹಸಿರು ಸ್ವೆಟರ್ ತೊಡಿಸಿದ್ದೀಯಲ್ಲೇ, ನಾನು ಹಾಕಿದ ತೇಪೆಯ ಸಮೇತ.

ನಿನ್ನ ಭಾವ ಹೊಟ್ಟೆ ಹಿಡಿದುಕೊಂಡು ನಕ್ಕರು. "ಪಾಪ, ಯಾರ ಮನೆ ಹೆಂಗಸೋ. ಗಂಡ ಅನ್ನೋನು ಎಂಥಾ ಮೂರ್ಖ ನೋಡು" ಅನ್ನುತ್ತ ತಮ್ಮ ಕನ್ನಡಕ ಒರೆಸಲು ನನಗೆ ಕೊಟ್ಟರು. ಒರೆಸಿದೆ. ಕೊನೆಗೆ ಅವಳು ಯಾರನ್ನೂ ಕೇಳದೆ ಮೂಗು ತುರಿಸಿಕೊಂಡಳು, ಜನ ಎದ್ದು ಚಪ್ಪಾಳೆ ತಟ್ಟಿದರು. ನನ್ನ ಮೂಗೂ ತುರಿಸುತ್ತಿತ್ತು. ಕೈಯಲ್ಲಿ ಕನ್ನಡಕವಿತ್ತು.

ಮನೆಗೆ ಬಂದು ಕೂತೆವು. "ಟೀ" ಅಂದರು. ಮಾಡೋಣವೆಂದೇ ಇದ್ದೆ, ದೇವರಾಣೆ. ಕೈಗಳು ಮಡಿಲಿನಿಂದ ಏಳಲಿಲ್ಲ.

"ಏನೇ, ಕೇಳಿಸ್ಲಿಲ್ವಾ?"

"ಕೇಳಿಸ್ತು ರೀ. ಕೈ ಬರ್ತಾ ಇಲ್ಲ."

ಅತ್ತೆ ಬಂದು ನನ್ನ ಬೆರಳು ಹಿಂಡಿ ನೋಡಿದರು. "ಚಳಿಗೆ ಹಿಡ್ಕೊಂಡಿದೆ ಅಷ್ಟೆ. ನಾಲ್ಕು ಪಾತ್ರೆ ತೊಳೆದ್ರೆ ಬಿಟ್ಕೊಳ್ಳುತ್ತೆ."

ಡಾಕ್ಟರು ಸುತ್ತಿಗೆಯಿಂದ ತಟ್ಟಿ, ಸೂಜಿಯಿಂದ ಚುಚ್ಚಿ, ರೋಗವೇನೂ ಇಲ್ಲ, ವಿಶ್ರಾಂತಿ ಬೇಕು ಅಂದರು. "ಎಷ್ಟು ದಿನ?" ಎಂದು ಕಂಗಾಲಾಗಿ ಕೇಳಿದ್ದು ನಾನಲ್ಲ, ನಿನ್ನ ಭಾವ. "ಅದು ಅವರ ಕೈಗಳಿಗೇ ಗೊತ್ತು" ಅಂದುಬಿಟ್ಟರು ಆ ಡಾಕ್ಟರು, ಪುಣ್ಯಾತ್ಮರು. ಅಂದಿನಿಂದ ದಿನವೂ ನಿನ್ನ ಭಾವ ಕುರ್ಚಿ ಎಳೆದುಕೊಂಡು ಕೂತು ನನ್ನ ಕೈಗಳ ಯೋಗಕ್ಷೇಮ ವಿಚಾರಿಸುತ್ತಾರೆ: "ಹೇಗಿದ್ದೀರಿ? ನೋವಿದೆಯಾ?" ಮದುವೆಯಾದಾಗಿನಿಂದ ನನ್ನನ್ನು ಕೇಳದ ಪ್ರಶ್ನೆಗಳು.

ಈಗ ಟೀ ಅವರೇ ಮಾಡಿ ನನ್ನ ತುಟಿಗೆ ಹಿಡಿಯುತ್ತಾರೆ. ನಿನ್ನೆ ಹಿಡಿದವರು ಹಾಗೇ ನಿಂತರು. "ಆ ಹಸಿರು ಸ್ವೆಟರ್ ಎಲ್ಲೋ ನೋಡಿದ ಹಾಗಿದೆ ಕಣೇ" ಅಂದರು. ಮುಖ ಸುಣ್ಣದ ಹಾಗಾಗಿತ್ತು. ಚಿತ್ರವನ್ನು ಇನ್ನೊಮ್ಮೆ ನೋಡಬೇಕಂತೆ. ನೀನು ಬೇಗ ಬಾ, ಇದನ್ನೆಲ್ಲ ಒಬ್ಬಳೇ ತಡೆಯಲಾರೆ.

ಇಂತು ಕುರ್ಚಿ ಹಿಡಿದಿರುವ,
ನಿನ್ನ ಅಕ್ಕ

ಬಿಟ್ಟುಹೋದ ಮಾತು: ಹಾಗಾದರೆ ಇದನ್ನು ಬರೆದವರಾರು ಎನ್ನುತ್ತೀಯ. ನಾನೇ. ಡಾಕ್ಟರು ನೋಡಿದ ಮಾರನೆಯ ಬೆಳಿಗ್ಗೆಯೇ ಕೈಗಳು ತಾವಾಗಿ ಎದ್ದು ನನ್ನ ತಲೆ ಬಾಚಿದವು, ಬೆಚ್ಚಿಬಿದ್ದೆ. ಹೇಳಿಬಿಡೋಣವೆಂದು ಅಡುಗೆಮನೆಯ ಬಾಗಿಲವರೆಗೆ ಹೋದೆ. ಒಳಗೆ ನಿನ್ನ ಭಾವ ಟೀಗೆಂದು ಸಕ್ಕರೆ ಡಬ್ಬಿ ಹುಡುಕುತ್ತಿದ್ದರು. ಕೈಗಳು ಏಳದಿದ್ದದ್ದು ಯಾರ ಕೆಲಸವೋ ನನಗೆ ಇಂದಿಗೂ ತಿಳಿಯದು. ಬಾಯಿ ಮುಚ್ಚಿಕೊಂಡದ್ದು ಮಾತ್ರ ನಾನೇ.