ಗಾಳಿಗೂಡಿನ ಎತ್ತರ

ಗದಗ, ಜಾಲರಿ ವರ್ಷ ೬೪, ಮಾಘ ಮಾಸ. ನಿಮ್ಮ ಲೆಕ್ಕದಲ್ಲಿ ೨೨೩೧ನೇ ಇಸವಿ.

ಇನ್ನೂರು ವರ್ಷ ಹಿಂದಿರುವ ನಿಮಗೆ ನಮಸ್ಕಾರ. ನನ್ನ ಕೆಲವು ಮಾತುಗಳು ವಿಚಿತ್ರವೆನಿಸಿದರೆ ಕ್ಷಮಿಸಿ. ಬೆಸುಗೆ ಹಾಕುವ ಕೈಗೆ ಬರವಣಿಗೆ ಅಷ್ಟಾಗಿ ಒಗ್ಗಿಲ್ಲ.

ನಿಮ್ಮ ರೇಡಿಯೊದಲ್ಲಿ ಆಗೀಗ ಗೊರಗೊರ ಸದ್ದು ಬರುತ್ತದಲ್ಲ, ಆ ಅಲೆಗಳ ಗೊಂದಲ ನಮ್ಮಲ್ಲಿ ಹಗಲಿರುಳೂ ಇದೆ. ಅದನ್ನು ಅಲೆದೂಳು ಎನ್ನುತ್ತೇವೆ. ಅದು ತಾಗಿದರೆ ನೀರಿನ ಪಂಪು ತಾನಾಗಿಯೇ ಶುರುವಾಗುತ್ತದೆ, ತಕ್ಕಡಿ ಸುಳ್ಳು ಹೇಳುತ್ತದೆ. ಹಾಗಾಗಿ ನಾಜೂಕು ಯಂತ್ರಗಳನ್ನೆಲ್ಲ ತಾಮ್ರದ ಜಾಲರಿಯ ಕೋಣೆಗಳಲ್ಲಿ ಇಡುತ್ತೇವೆ. ಆ ಕೋಣೆಗಳಿಗೆ ಬೆಸುಗೆ ಹಾಕುವುದು ನನ್ನ ಕಸುಬು. ಮುಗಿದ ಮೇಲೆ ಒಳಗೊಂದು ರೇಡಿಯೊ ಹಚ್ಚಿಡುತ್ತೇವೆ. ಅದು ಪೂರ್ತಿ ಮೂಕವಾದರೆ ಮನೆಯವರು ಬೆಸುಗೆಯವಳಿಗೆ ಬೆಲ್ಲ ಕೊಡುವುದು ಪದ್ಧತಿ. ನನಗೆ ಬೆಲ್ಲ ತಪ್ಪಿದ್ದೇ ಇಲ್ಲ. ಜಂಬವೂ ಕಡಿಮೆಯೇನಿರಲಿಲ್ಲ.

ನನ್ನ ಗಂಡ ವಿರುಪಣ್ಣನವರ ಎದೆಯಲ್ಲಿ ಬಡಿತ ಕಾಯುವ ಪುಟ್ಟ ಯಂತ್ರವಿತ್ತು. ಅಲೆದೂಳು ಹೆಚ್ಚಿದಾಗ ಅದು ತಾಳ ತಪ್ಪಿತು. ಅವರಿಗೆ ಜಾಲರಿ ಸಾಲದೆಂದು ಹಿತ್ತಲಲ್ಲಿ ನಾನೇ ದಪ್ಪ ತಾಮ್ರದ ತಗಡಿನ ಕೋಣೆ ಕಟ್ಟಿದೆ. ಅವರು ಹೊರಗೆ ಬರುವಂತಿರಲಿಲ್ಲ. ನಾನೋ ಹುಟ್ಟುಕಿವುಡಿ, ನನ್ನ ಕಿವಿಯಂತ್ರದ ಹೊರತುಂಡು ಒಳತುಂಡಿಗೆ ಅಲೆದೂಳಿಗೂ ಮಣಿಯದ ಬಲವಾದ ಅಲೆಗಳಲ್ಲೇ ಸುದ್ದಿ ಮುಟ್ಟಿಸುತ್ತದೆ. ಆ ಅಲೆ ಅವರ ಎದೆಯ ಯಂತ್ರಕ್ಕೆ ತಾಗಬಾರದೆಂದು ಅದನ್ನು ಬಾಗಿಲಲ್ಲೇ ಬಿಚ್ಚಿಟ್ಟು ಒಳಗೆ ಹೋಗಬೇಕು. ಹೀಗೆ ಹನ್ನೊಂದು ವರ್ಷ, ಸಂಜೆ ಕೆಲಸ ಮುಗಿಸಿ ಬಂದು ಅವರ ಎದುರು ಕೂತು ತುಟಿ ನೋಡಿದೆ, ಪಾಟಿಯ ಮೇಲೆ ಅವರು ಬರೆದದ್ದನ್ನು ಓದಿದೆ. ದನಿ ಮಾತ್ರ ಕೇಳಲಿಲ್ಲ. ಗೋಡೆಯಲ್ಲೊಂದು ಸಣ್ಣ ತೂತು ಮಾಡು ಎಂದು ಒಮ್ಮೆ ಬರೆದರು. ತೂತು ಎಂದರೆ ನಮ್ಮ ಕಸುಬಿನವರಿಗೆ ಮೈ ಉರಿಯುತ್ತದೆ. ಪಾಟಿ ಒರೆಸಿಬಿಟ್ಟೆ.

ಇಂಥ ತಗಡಿನ ಕೋಣೆಗೆ ಗಾಳಿ ಬೇಕಲ್ಲ, ಅದಕ್ಕೆ ಸೂರಿನ ಕೆಳಗೆ ಗಾಳಿಗೂಡು ಇಡುತ್ತೇವೆ. ಬೆರಳಗಲದ ಉದ್ದನೆಯ ತಾಮ್ರದ ಕೊಳವೆಗಳ ಕಟ್ಟು ಅದು. ಗಾಳಿ ಹಾಯುತ್ತದೆ, ಅಲೆ ಹಾಯಲಾರದು. ವರ್ಷಕ್ಕೊಮ್ಮೆ ಊದುಯಂತ್ರದ ಗದ್ದಲದಲ್ಲಿ ಅದರ ದೂಳು ತೆಗೆಯುತ್ತಿದ್ದೆ. ಹೋದ ಮಾಘದಲ್ಲಿ ಆ ಯಂತ್ರ ಕೆಟ್ಟಿತು. ಮಧ್ಯಾಹ್ನ ಏಣಿ ಹತ್ತಿ ಕುಂಚದಿಂದ ಒರೆಸುತ್ತಿದ್ದಾಗ ಗೂಡಿನೊಳಗಿಂದ ಅವರ ದನಿ ಕೇಳಿಸಿತು.

"ಸಂಕವ್ವಾ, ಊಟ ಆತೇನ? ಇವತ್ತೂ ಒಬ್ಬಾಕೇ ಕುಂತು ಉಂಡಿ ಏನ?"

ನಾನು ಅಲ್ಲಿದ್ದೇನೆಂದು ಅವರಿಗೆ ಗೊತ್ತಿರಲಿಲ್ಲ. ಹನ್ನೊಂದು ವರ್ಷವೂ ತಟ್ಟೆಯ ಮುಂದೆ ಕೂತಾಗ ಹೀಗೇ ಗೋಡೆಯನ್ನು ಕೇಳುತ್ತಿದ್ದರಂತೆ. ಮಾತು ಗಾಳಿಯಲ್ಲೇ ಹೋಗುತ್ತದೆಂಬುದು ನೂರಾರು ಗಾಳಿಗೂಡು ಮಾಡಿದ ನನಗೆ ಹೊಳೆದಿರಲಿಲ್ಲ. ನಾಚಿಕೆಯಾಯಿತು, ಅಳು ಬಂತು. ಏಣಿಯ ಮೇಲಿಂದಲೇ ಓಗೊಟ್ಟೆ. ಅಂದಿನಿಂದ ನನ್ನ ಮಧ್ಯಾಹ್ನದ ಊಟ ಏಣಿಯ ಮೇಲೆ. ನನ್ನ ರೊಟ್ಟಿ ದಪ್ಪ ಎಂಬ ದೂರನ್ನು ಬರೆಯಲು ಪಾಟಿ ಸಾಲದೆಂದು ಸುಮ್ಮನಿದ್ದರಂತೆ; ಅದನ್ನೂ ಬಿಡದೆ ಹೇಳಿದರು. ಆರು ತಿಂಗಳು ಹೀಗೆ ನಡೆಯಿತು. ಶ್ರಾವಣದಲ್ಲಿ ತೀರಿಕೊಂಡರು.

ಇಂಥ ಕೋಣೆಗಳನ್ನು ಕಟ್ಟಲು ನಿಮಗೆ ಬರುತ್ತದೆಂದು ಕೇಳಿದ್ದೇನೆ. ಅಲೆಗಳನ್ನು ಹೊರಗಿಡುವ ಬಗ್ಗೆ ನಾನು ಹೇಳಬೇಕಿಲ್ಲ. ಗಾಳಿಗೂಡನ್ನು ಮಾತ್ರ ಸೂರಿನ ಕೆಳಗೆ ಇಡಬೇಡಿ. ಕುಳಿತವರ ಕಿವಿಯ ಮಟ್ಟಕ್ಕೆ ಇಡಿ, ಪಕ್ಕದಲ್ಲೊಂದು ಮಣೆ ಹಾಕಿ. ನಕ್ಷೆಯಲ್ಲಿ ಇಷ್ಟು ಬರೆದಿಟ್ಟರೆ ಮುಂದೆ ನನ್ನಂಥ ಯಾರದೋ ಕೈಗೆ ಸಿಕ್ಕೀತು.

ಇವತ್ತೂ ಏಣಿ ಹತ್ತಿದ್ದೆ. ಖಾಲಿ ಕೋಣೆಯ ಗಾಳಿ ಮುಖಕ್ಕೆ ತಾಗಿತು. ಊಟ ಆಯಿತು ಎಂದು ಗೂಡಿಗೆ ಹೇಳಿ ಇಳಿದೆ. ಇನ್ನೂ ಒಲೆ ಹಚ್ಚಿಲ್ಲ.

ಇಂತಿ,
ಬೆಸುಗೆಯ ಸಂಕವ್ವ